ಪ್ರಾಙ್ನ್ಯಾಯ: ತೆರವಿನ ಮೊಕದ್ದಮೆ ಮತ್ತು ಹಕ್ಕಿನ ದಾವೆ

ಪ್ರಾಙ್ನ್ಯಾಯವೆಂದರೆ ಒಮ್ಮೆ ತೀರ್ಮಾನವಾದ ವಿವಾದವನ್ನು ಅದೇ ಪಕ್ಷಗಾರರು ಮತ್ತೆ ಎತ್ತುವಂತಿಲ್ಲ ಎಂಬ ನ್ಯಾಯತತ್ತ್ವ. ಗೇಣಿದಾರನನ್ನೋ ಬಾಡಿಗೆದಾರನನ್ನೋ ಬಿಡಿಸಲು ನಡೆದ ಮೊಕದ್ದಮೆಯ ತೀರ್ಪು, ಅದೇ ಆಸ್ತಿಯ ಒಡೆತನಕ್ಕಾಗಿ ಆಮೇಲೆ ಹೂಡುವ ದಾವೆಗೆ ಅಡ್ಡ ಬರುತ್ತದೆಯೇ ಎಂಬುದು ಇದರ ಅತ್ಯಂತ ತೊಡಕಿನ ಭಾಗ. ಸಾಗರ, ಹೊಸನಗರ, ತೀರ್ಥಹಳ್ಳಿ ತಾಲ್ಲೂಕುಗಳಲ್ಲಿ ಒಂದೇ ಸರ್ವೆ ನಂಬರಿನ ಮೇಲೆ ಮುನ್ಸೀಫ್ ಕೋರ್ಟಿನ ಡಿಕ್ರಿ, ಭೂನ್ಯಾಯಮಂಡಳಿಯ ಆದೇಶ, ಪಹಣಿ ತಿದ್ದುಪಡಿ ಮೂರೂ ಇರಬಹುದು. ಮೂರಕ್ಕೂ ಒಂದೇ ಬೆಲೆ ಕಟ್ಟುವುದರಿಂದಲೇ ಗೊಂದಲ ಹುಟ್ಟುತ್ತದೆ.

ತತ್ತ್ವ ಹಳೆಯದು. ಕಲ್ಯಾಣದ ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ ವಿಜ್ಞಾನೇಶ್ವರ ಬರೆದ ಮಿತಾಕ್ಷರವು ಪ್ರತಿವಾದಿ ಕೊಡಬಹುದಾದ ನಾಲ್ಕು ಬಗೆಯ ಉತ್ತರಗಳಲ್ಲಿ ಪ್ರಾಙ್ನ್ಯಾಯವನ್ನೂ ಹೇಳುತ್ತದೆ. ಇಂದಿನ ಆಧಾರ 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 11ನೇ ಕಲಂ.

ಮಲೆನಾಡಿನಲ್ಲಿ ಒಕ್ಕಲೆಬ್ಬಿಸುವುದು ರಾಜಕೀಯ ಪ್ರಶ್ನೆಯಾದದ್ದು 1951ರ ಕಾಗೋಡು ಸತ್ಯಾಗ್ರಹದಿಂದ. ಎಚ್. ಗಣಪತಿಯಪ್ಪನವರ ಮುಂದಾಳತ್ವ, ಶಾಂತವೇರಿ ಗೋಪಾಲಗೌಡರ ಸಮಾಜವಾದಿ ಬೆಂಬಲ, ರಾಮಮನೋಹರ ಲೋಹಿಯಾ ಅವರ ಬಂಧನ ಎಲ್ಲರಿಗೂ ತಿಳಿದ ಕಥೆ. ಅಲ್ಲಿ ದೀವರ ಗೇಣಿದಾರರ ತಕರಾರು ಗೇಣಿಯ ಭತ್ತ ಅಳೆಯುವ ಕೊಳಗದ ಗಾತ್ರದಿಂದ ಶುರುವಾಯಿತು, ಒಡೆತನದಿಂದಲ್ಲ. ಇದನ್ನು ಮರೆತರೆ ಆ ಕಾಲದ ತೆರವಿನ ಕಡತಗಳನ್ನು ತಪ್ಪಾಗಿ ಓದುತ್ತೇವೆ. ಗೇಣಿ ಬಾಕಿ ಎಷ್ಟು, ಗೇಣಿ ಮುರಿಯಿತೇ ಎಂಬುದಷ್ಟೇ ವಿಚಾರಣೆಯಾಗಿದ್ದರೆ, ಜಮೀನು ಯಾರದು ಎಂಬುದಕ್ಕೆ ಅಂಥ ಕಡತ ಉತ್ತರ ಕೊಡುವುದಿಲ್ಲ.

ಕಂದಾಯ ಮಂತ್ರಿಯಾಗಿದ್ದ ತೀರ್ಥಹಳ್ಳಿಯ ಕಡಿದಾಳ್ ಮಂಜಪ್ಪನವರ ಕಾಲದ 1952ರ ಗೇಣಿ ಶಾಸನ ಸ್ವಲ್ಪ ರಕ್ಷಣೆ ಕೊಟ್ಟಿತು. ಚೌಕಟ್ಟೇ ಬದಲಾದದ್ದು 1974ರ ಭೂಸುಧಾರಣಾ ತಿದ್ದುಪಡಿಯಿಂದ. ಆ ವರ್ಷದ ಮಾರ್ಚ್ 1ರಿಂದ ಗೇಣಿ ಜಮೀನು ಸರ್ಕಾರದಲ್ಲಿ ನಿಹಿತವಾಯಿತು; 7ನೇ ನಮೂನೆಯ ಅರ್ಜಿಗಳನ್ನು ಭೂನ್ಯಾಯಮಂಡಳಿ ವಿಚಾರಿಸತೊಡಗಿತು. 133ನೇ ಕಲಂ ಪ್ರಕಾರ ಆ ದಿನಕ್ಕೆ ಮೊದಲಿನಿಂದ ಗೇಣಿದಾರ ಹೌದೋ ಅಲ್ಲವೋ ಎಂಬ ಪ್ರಶ್ನೆ ಸಿವಿಲ್ ಕೋರ್ಟಿನದಲ್ಲ, ಮಂಡಳಿಯದು. ಗೇಣಿದಾರ ಅವಿಭಕ್ತ ಕುಟುಂಬವೇ ಎಂಬುದನ್ನೂ ಮಂಡಳಿಯೇ ತೀರ್ಮಾನಿಸಬೇಕೆಂದು ಕರ್ನಾಟಕದ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಆದರೆ ಗೇಣಿಯ ಪ್ರಶ್ನೆಯೇ ಇಲ್ಲದೆ ಇಬ್ಬರು ತಾವೇ ಒಡೆಯರೆಂದು ಹೊಡೆದಾಡಿದರೆ ಅದು ಸಿವಿಲ್ ಕೋರ್ಟಿಗೇ ಹೋಗಬೇಕು.

ನಿಜವಾದ ಜಟಾಪಟಿ 1976ರ ನಂತರದ್ದು. ಅದುವರೆಗೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 11ನೇ ಕಲಂ ಪ್ರಕಾರ ಎರಡನೆಯ ದಾವೆಯನ್ನೂ ವಿಚಾರಿಸಬಲ್ಲ ನ್ಯಾಯಾಲಯ ಕೊಟ್ಟ ತೀರ್ಪು ಮಾತ್ರ ಆ ದಾವೆಯನ್ನು ಕಟ್ಟುತ್ತಿತ್ತು. ಆ ವರ್ಷದ ತಿದ್ದುಪಡಿ ಆ ಕಲಂಗೆ ಸೇರಿಸಿದ 8ನೇ ವಿವರಣೆ, ಸೀಮಿತ ಅಧಿಕಾರದ ನ್ಯಾಯಾಲಯ ತನ್ನ ವ್ಯಾಪ್ತಿಯಲ್ಲಿ ಅಂತಿಮವಾಗಿ ತೀರ್ಮಾನಿಸಿದ ವಿವಾದಾಂಶವೂ ಕಟ್ಟುತ್ತದೆ ಎಂದಿತು. ಹಣದ ಮಿತಿಯುಳ್ಳ ಮುನ್ಸೀಫ್ ಕೋರ್ಟಿಗೂ ಇದು ಸಲ್ಲುತ್ತದೆಯೇ ಎಂದು ಹೈಕೋರ್ಟುಗಳು ಭಿನ್ನವಾಗಿ ನುಡಿದವು; ಸಲ್ಲುತ್ತದೆಂದು 1993ರಲ್ಲಿ ಕೇರಳದ ಮೇಲ್ಮನವಿಯೊಂದರಲ್ಲಿ ಸುಪ್ರೀಂ ಕೋರ್ಟ್ ಇತ್ಯರ್ಥಪಡಿಸಿತು.

ಹಾಗೆಂದು ತೆರವಿನ ಆದೇಶವೆಲ್ಲ ಹಕ್ಕಿನ ತೀರ್ಪಾಗಲಿಲ್ಲ. ಬಾಡಿಗೆ ನ್ಯಾಯಾಲಯ ಒಡೆತನದ ಬಗ್ಗೆ ಆಡಿದ ಮಾತು ಪ್ರಾಸಂಗಿಕ, ಹಕ್ಕಿನ ದಾವೆಯನ್ನು ಅದು ಕಟ್ಟದು ಎಂಬ ನಿಲುವು 1990ರ ಎಲ್‌ಐಸಿ–ಇಂಡಿಯಾ ಆಟೊಮೊಬೈಲ್ಸ್ ಪ್ರಕರಣದಲ್ಲೂ 1995ರ ಇನ್ನೊಂದು ತೀರ್ಪಿನಲ್ಲೂ ಇದೆ.

ಪೇಟೆಯ ಅಂಗಡಿಯೊಂದನ್ನು ತೆಗೆದುಕೊಳ್ಳೋಣ. ಮಾಲೀಕ ತೆರವು ಕೇಳುತ್ತಾನೆ. ಅಂಗಡಿಯವನು ಇದು ಪಾಲಿನಲ್ಲಿ ನನಗೆ ಬಂದದ್ದು ಎನ್ನುತ್ತಾನೆ. ಬಾಡಿಗೆ ಚೀಟಿ ನೋಡಿ ತೆರವಿಗೆ ಆದೇಶವಾದರೆ, ಬಾಡಿಗೆದಾರನಾಗಿದ್ದ ಎಂಬುದು ಮುಗಿದ ಮಾತು. ಪಾಲಿನ ಪ್ರಶ್ನೆ ಉಳಿದೇ ಇರುತ್ತದೆ. ಬಾಡಿಗೆಗೆ ಕೂತವನು, ಬಾಡಿಗೆ ಶುರುವಾದಾಗ ಮಾಲೀಕನಿಗಿದ್ದ ಹಕ್ಕನ್ನು ಅಲ್ಲಿದ್ದುಕೊಂಡೇ ಅಲ್ಲಗಳೆಯುವಂತಿಲ್ಲ ಎಂಬ ಸಾಕ್ಷ್ಯ ನಿಯಮ (2024ರವರೆಗೆ ಜಾರಿಯಲ್ಲಿದ್ದ 1872ರ ಅಧಿನಿಯಮದಲ್ಲಿ 116ನೇ ಕಲಂ) ಬೇರೆಯೇ ಅಡ್ಡಿ. ಸ್ವಾಧೀನ ಬಿಟ್ಟುಕೊಟ್ಟ ಮೇಲೆ ಆ ಅಡ್ಡಿಯಿಲ್ಲ.

ಬಾಡಿಗೆ ಕಾಯ್ದೆ ಸಲ್ಲದ ಕಟ್ಟಡಗಳಲ್ಲಿ ಎಚ್ಚರ ಹೆಚ್ಚು ಬೇಕು. ಅಲ್ಲಿ ಆಸ್ತಿ ವರ್ಗಾವಣೆ ಅಧಿನಿಯಮದ 106ನೇ ಕಲಂ ನೋಟಿಸು ಕೊಟ್ಟು ಸಾಮಾನ್ಯ ಸಿವಿಲ್ ಕೋರ್ಟಿನಲ್ಲೇ ತೆರವಿನ ದಾವೆ ಹೂಡುವುದುಂಟು. ಆ ಕೋರ್ಟು ಒಡೆತನವನ್ನೇ ವಿವಾದಾಂಶವಾಗಿ ರಚಿಸಿ, ಸಾಕ್ಷ್ಯ ಪಡೆದು, ಅದರ ಮೇಲೆಯೇ ತೀರ್ಪನ್ನು ನಿಲ್ಲಿಸಿದ್ದರೆ, ಮೇಲ್ಮನವಿ ಹೋಗದೆ ಸುಮ್ಮನಿದ್ದ ಪಕ್ಷಗಾರನಿಗೆ ಹೊಸ ಹಕ್ಕಿನ ದಾವೆಯ ದಾರಿ ಮುಚ್ಚಿರುತ್ತದೆ.