ಭದ್ರಾವತಿಯವರೆಗೆ ಬಂದ ಸಿನಿಮಾ ಸಂಗೀತ

ಶಿವಮೊಗ್ಗ ಜಿಲ್ಲೆ ಕನ್ನಡ ಸಿನಿಮಾಕ್ಕೆ ಮೊದಲು ಕೊಟ್ಟದ್ದು ಕಥೆಗಳನ್ನು. ಸಂಗೀತ ಮಾತ್ರ ಬಹಳ ಕಾಲ ಹೊರಗಿನಿಂದಲೇ ಬರುತ್ತಿತ್ತು. ಯು.ಆರ್. ಅನಂತಮೂರ್ತಿಯವರ ‘ಸಂಸ್ಕಾರ’ 1970ರಲ್ಲಿ ತೆರೆಗೆ ಬಂದಾಗ ಅದಕ್ಕೆ ಸಂಗೀತ ಕೊಟ್ಟವರು ಸರೋದ್ ವಾದಕ ರಾಜೀವ ತಾರಾನಾಥ. ಅನಂತಮೂರ್ತಿಯವರದೇ ಕಥೆಯನ್ನು ತೀರ್ಥಹಳ್ಳಿ ಸೀಮೆಯ ಗಿರೀಶ ಕಾಸರವಳ್ಳಿ 1977ರಲ್ಲಿ ‘ಘಟಶ್ರಾದ್ಧ’ವಾಗಿಸಿದಾಗ ಸಂಗೀತ ಕೊಟ್ಟು ಜೊತೆಗೆ ನಿಂತವರು ದಕ್ಷಿಣ ಕನ್ನಡದ ಬಿ.ವಿ. ಕಾರಂತ. ಆ ಕೆಲಸಕ್ಕೆ ಕಾರಂತರಿಗೆ ರಾಷ್ಟ್ರಪ್ರಶಸ್ತಿ ಬಂತು. ಅಗ್ರಹಾರದ ಉಸಿರುಗಟ್ಟುವ ಮೌನವನ್ನು ತುಂಬಿಬಿಡದೆ, ಅದನ್ನೇ ಕೇಳಿಸುವ ಸಂಗೀತ ಅದು.

ಮರುವರ್ಷದ ಪ್ರಶಸ್ತಿ ಈ ಜಿಲ್ಲೆಯ ಕಂಠಕ್ಕೇ ದಕ್ಕಿತು. ಚಂದ್ರಶೇಖರ ಕಂಬಾರರ ‘ಕಾಡು ಕುದುರೆ’ಗೆ ಹಾಡಿದ ಶಿವಮೊಗ್ಗ ಸುಬ್ಬಣ್ಣ ಶ್ರೇಷ್ಠ ಹಿನ್ನೆಲೆ ಗಾಯಕರೆನಿಸಿದರು. ಆ ಗೌರವ ಪಡೆದ ಮೊದಲ ಕನ್ನಡಿಗ ಅವರೇ. ವೃತ್ತಿಯಿಂದ ವಕೀಲರು, ಸುಗಮ ಸಂಗೀತದಲ್ಲಿ ಬೆಳೆದವರು. ಸಿನಿಮಾ ಅವರನ್ನು ಇನ್ನೂ ಹೆಚ್ಚು ಬಳಸಿಕೊಳ್ಳಬೇಕಿತ್ತು ಎಂಬ ಕೊರಗು ನನಗೆ ಇಂದಿಗೂ ಇದೆ.

ಸಂಗೀತ ನಿರ್ದೇಶಕನೊಬ್ಬ ಬಂದದ್ದು ಭದ್ರಾವತಿಯಿಂದ. 1923ರಲ್ಲಿ ಕಬ್ಬಿಣದ ಕಾರ್ಖಾನೆ ಶುರುವಾಗಿ, ನಾನಾ ಕಡೆಯ ಜನ ಕೆಲಸಕ್ಕೆಂದು ಬಂದು ನೆಲೆಸಿದ ಊರು ಅದು. ಆ ಊರಿನ ಬಿ. ಅಜನೀಶ್ ಲೋಕನಾಥ್ ತಮ್ಮ ಗುರುತನ್ನು ಗಟ್ಟಿಯಾಗಿ ಮೂಡಿಸಿದ್ದು 2014ರ ‘ಉಳಿದವರು ಕಂಡಂತೆ’ಯಲ್ಲಿ. ಮರುವರ್ಷ ‘ರಂಗಿತರಂಗ’ದ ಹಿನ್ನೆಲೆ ಸಂಗೀತ, 2016ರಲ್ಲಿ ಕಾಲೇಜು ಹುಡುಗರ ಬಾಯಲ್ಲೆಲ್ಲ ಓಡಾಡಿದ ‘ಕಿರಿಕ್ ಪಾರ್ಟಿ’ಯ ಹಾಡುಗಳು. 2022ರ ‘ಕಾಂತಾರ’ ಅವರನ್ನು ದೇಶಕ್ಕೇ ಪರಿಚಯಿಸಿತು. ಅಲ್ಲಿ ಕರಾವಳಿಯ ದೈವದ ಕೂಗು, ನಾಗಸ್ವರ, ಎಲೆಕ್ಟ್ರಿಕ್ ಗಿಟಾರ್ ಒಂದೇ ಆವೇಶದಲ್ಲಿ ಬೆರೆತಿವೆ. ‘ವರಾಹ ರೂಪಂ’ ಹಾಡು ತಮ್ಮ ‘ನವರಸಂ’ ಅನ್ನು ಹೋಲುತ್ತದೆಂದು ಕೇರಳದ ತೈಕ್ಕುಡಂ ಬ್ರಿಡ್ಜ್ ತಂಡ ಕೋರ್ಟಿಗೆ ಹೋಯಿತು. ಒಟಿಟಿಯಲ್ಲಿ ಕೆಲಕಾಲ ಬೇರೆ ಧಾಟಿಯ ಹಾಡು ಕೇಳಿಸಿ, ಬಳಿಕ ಮೂಲದ್ದೇ ಮರಳಿತು.

ನೆಲದ ಸದ್ದನ್ನು ಸಿನಿಮಾಕ್ಕೆ ತರುವ ಈ ದಾರಿಯಲ್ಲಿ ಚೀನಾದ ಸಂಗೀತ ನಿರ್ದೇಶಕ ಜಾವೊ ಜಿಪಿಂಗ್ ಮೊದಲೇ ನಡೆದಿದ್ದರು. ಶಾನ್‌ಶಿ ಪ್ರಾಂತದ ರಂಗಸಂಗೀತದ ನಡುವೆ ವರ್ಷಗಟ್ಟಲೆ ದುಡಿದ ಅವರು 1984ರ ‘ಯೆಲ್ಲೊ ಅರ್ಥ್’ಗೆ ಆ ನೆಲದ ಜನಪದ ಧಾಟಿಗಳನ್ನು ತಂದರು. 1987ರ ‘ರೆಡ್ ಸೋರ್ಗಮ್’ನಲ್ಲಿ ಸುವೊನಾ ಊದಿಸಿದರು. ನಮ್ಮ ಮದುವೆಮನೆಯ ವಾಲಗದಂತೆ ದೂರದಿಂದಲೇ ಕರೆಯುವ ವಾದ್ಯ ಅದು. ತನ್ನ ನೆಲದ ಸದ್ದಿನಿಂದ ಹೊರಟವನ ಸಂಗೀತಕ್ಕೆ ಬೇರೆಯದೇ ತೂಕ ಬರುತ್ತದೆ.

ಅಜನೀಶ್ ಅವರ ಅತಿ ದೊಡ್ಡ ಹೆಸರು ಕರಾವಳಿಯ ಸದ್ದಿನಿಂದ ಬಂತು. ಘಟ್ಟದ ಮೇಲಿನ ಸದ್ದುಗಳಿಗೆ ಸಿನಿಮಾದಲ್ಲಿ ಅಷ್ಟು ದೊಡ್ಡ ಜಾಗ ಇನ್ನೂ ಸಿಕ್ಕಿಲ್ಲ. ಸಾಗರ್ ಪುರಾಣಿಕ್ ನಿರ್ದೇಶನದ ‘ಡೊಳ್ಳು’ 2020ರ ಸಾಲಿನ ಶ್ರೇಷ್ಠ ಕನ್ನಡ ಚಿತ್ರವೆಂದು ರಾಷ್ಟ್ರಪ್ರಶಸ್ತಿ ಪಡೆದದ್ದು ಒಂದು ಒಳ್ಳೆಯ ಆರಂಭ. ದೀಪಾವಳಿಯ ರಾತ್ರಿ ದೀಪ ಹಿಡಿದು ಮನೆಮನೆಗೆ ಬರುವ ಅಂಟಿಕೆ-ಪಂಟಿಕೆಯವರ ಹಾಡು ಅಜನೀಶ್ ಅವರ ಕೈಯಲ್ಲಿ ಏನಾದೀತು ಎಂದು ಕೇಳುವ ಆಸೆ ನನಗೆ ತುಂಬಾ ಇದೆ.