ಕಣದಲ್ಲಿದ್ದೇ ತೀರ್ಪು ಕೊಟ್ಟವರು

ಸಂಗೀತ ಕಟ್ಟುವವರೇ ವಿಮರ್ಶೆಯನ್ನೂ ಬರೆಯುವುದು ಪಾಶ್ಚಾತ್ಯ ಶಾಸ್ತ್ರೀಯ ಸಂಗೀತಕ್ಕೆ ಹೊಸತಲ್ಲ. ಶೂಮನ್ 1834ರಲ್ಲಿ ಲೈಪ್‌ಜಿಗ್‌ನಲ್ಲಿ ಸಂಗೀತ ಪತ್ರಿಕೆಯನ್ನೇ ಶುರುಮಾಡಿದ. ಬರ್ಲಿಯೋಜ್ ಪ್ಯಾರಿಸ್ಸಿನ ಪತ್ರಿಕೆಗಳಿಗೆ ಬರೆದು ಹೊಟ್ಟೆ ಹೊರೆದ, ಆ ದುಡಿಮೆಯನ್ನು ಶಪಿಸುತ್ತಲೇ. ಇಂಥವರನ್ನು ಬಿಡದೆ ಕಾಡಿದ ಆಕ್ಷೇಪ ಒಂದು: ಕಣದಲ್ಲಿರುವವನು ತೀರ್ಪು ಕೊಡಬಹುದೇ? 1940ರಿಂದ 1954ರವರೆಗೆ ನ್ಯೂಯಾರ್ಕ್ ಹೆರಾಲ್ಡ್ ಟ್ರಿಬ್ಯೂನ್‌ನಲ್ಲಿ ಬರೆದ ವರ್ಜಿಲ್ ಥಾಮ್ಸನ್ ವಿಷಯದಲ್ಲಿ ಇದು ಬರೀ ಅಸೂಯೆಯ ಮಾತಲ್ಲ. ತಮ್ಮ ಕೃತಿಗಳನ್ನು ನುಡಿಸಬಲ್ಲ ವಾದ್ಯವೃಂದಗಳನ್ನೇ ಅವರು ತೂಗುತ್ತಿದ್ದರು.

ಈ ಪರಂಪರೆ ವಿಲೇಜ್ ವಾಯ್ಸ್ ವಾರಪತ್ರಿಕೆಗೆ ಬಂದಾಗ ಪ್ರಶ್ನೆಯ ನೆಲವೇ ಬದಲಾಯಿತು. ಮ್ಯಾನ್‌ಹಟನ್ನಿನ ಕೆಳಭಾಗದ ಹಳೆಯ ಗೋದಾಮುಗಳಲ್ಲಿ ಬೆಳೆಯುತ್ತಿದ್ದ 'ಡೌನ್‌ಟೌನ್' ಸಂಗೀತಕ್ಕೆ ಅಚ್ಚಾದ ಸ್ವರಲಿಪಿ ವಿರಳ, ಧ್ವನಿಮುದ್ರಿಕೆಯೂ ವಿರಳ. 1970ರ ದಶಕದಲ್ಲಿ ಅದನ್ನು ವಾರವಾರ ಕೇಳಿ ಬರೆದ ಟಾಮ್ ಜಾನ್ಸನ್, ನಾಲ್ಕೇ ಸ್ವರಗಳಲ್ಲಿ ಇಡೀ ಆಪೆರಾ ಕಟ್ಟಿದ ಸಂಯೋಜಕ. 1986ರಿಂದ 2005ರವರೆಗೆ ಅದೇ ಪತ್ರಿಕೆಗೆ ಬರೆದವರು ಕೈಲ್ ಗ್ಯಾನ್. ಇಲ್ಲಿ ಮೊದಲು ಬೇಕಾಗಿದ್ದುದು ದಾಖಲೆ, ತೀರ್ಪು ಆಮೇಲಿನದು. ಹೊಗಳಿಕೆಗೆ ಪ್ರತಿಯಾಗಿ ಕೊಡಲು ಆ ಸಂಗೀತಗಾರರ ಬಳಿ ವಾದ್ಯವೃಂದವೂ ಇರಲಿಲ್ಲ, ಹಣವೂ ಇರಲಿಲ್ಲ. ಥಾಮ್ಸನ್‌ಗೆ ತಗಲುವ ಆರೋಪ ಇವರ ಬಾಗಿಲಿಗೆ ಬರುವಷ್ಟರಲ್ಲಿ ಸವೆದುಹೋಗುತ್ತದೆ.

ಆದರೂ ಗಟ್ಟಿಯಾದ ತಕರಾರೊಂದು ಉಳಿಯುತ್ತದೆ. ಒಂದಕ್ಕೊಂದು ತಾಗುವ ಭಿನ್ನ ಗತಿಗಳನ್ನು ರಾಕ್ ಸಂಗೀತದ ಕಸುವಿನೊಡನೆ ಬೆಸೆದ ಮೈಕೆಲ್ ರೌಸ್, ಮೈಕೇಲ್ ಗಾರ್ಡನ್ ಮುಂತಾದವರನ್ನು ಗ್ಯಾನ್ 'ಟೋಟಲಿಸಂ' ಎಂಬ ಹೆಸರಿನಡಿ ಗುರುತಿಸಿದರು. ಅವರ ಸ್ವಂತ ಸಂಗೀತವೂ ಆ ಗುಂಪಿನದೇ. ತನ್ನ ಓಣಿಗೆ ತಾನೇ ಫಲಕ ಹಾಕಿಕೊಂಡಂತಲ್ಲವೇ? ಹೌದು. ಆದರೆ ಆ ಫಲಕ ಸರಿಯೋ ತಪ್ಪೋ ಎಂದು ಪರೀಕ್ಷಿಸಬಹುದು, ಏಕೆಂದರೆ ಗ್ಯಾನ್ ಗತಿಗಳ ಅನುಪಾತವನ್ನು ಎಣಿಸಿ ತೋರಿಸುತ್ತಾರೆ. ಯಾರ ಪರವೂ ಇಲ್ಲವೆನ್ನುವ ವಿಮರ್ಶಕನ 'ಮನಮುಟ್ಟಿತು' ಎಂಬ ಷರಾಕ್ಕೆ ಆ ಪರೀಕ್ಷೆಯೂ ಇಲ್ಲ.

ಇಬ್ಬಗೆಯ ದುಡಿಮೆಯಲ್ಲಿ ಸಂಗೀತ ಸೊರಗುತ್ತದೆ ಎನ್ನುವವರೂ ಇದ್ದಾರೆ. ಗ್ಯಾನ್ ವಿಷಯದಲ್ಲಿ ನನಗೆ ಕಾಣುವುದು ತಿರುವುಮುರುವು. ಮೆಕ್ಸಿಕೊ ನಗರದಲ್ಲಿ ಕೂತು, ಕಾಗದದ ಸುರುಳಿಗೆ ತೂತು ಕೊರೆದು ಯಾಂತ್ರಿಕ ಪಿಯಾನೊಗೆ ಸಂಗೀತ ಬರೆದ ಕಾನ್ಲನ್ ನ್ಯಾಂಕರೋ ಕುರಿತ ಅವರ ಪುಸ್ತಕ ಬಂದದ್ದು 1995ರಲ್ಲಿ. ಮುಂದೆ ಗಣಕ ನುಡಿಸುವ ಡಿಸ್ಕ್‌ಲೇವಿಯರ್ ಪಿಯಾನೊಗೆ ಅವರೇ ರಚನೆಗಳ ಸರಣಿಯನ್ನು ಬರೆದರು. ಶ್ರುತಿಯ ವಿಷಯವಂತೂ ಇನ್ನೂ ಸ್ವಾರಸ್ಯದ್ದು. ಶುದ್ಧ ಅನುಪಾತಗಳ ಶ್ರುತಿಯಲ್ಲಿ ಕೆಲಸ ಮಾಡಿದ ಬೆನ್ ಜಾನ್ಸ್‌ಟನ್ ಗ್ಯಾನ್‌ಗೆ ಗುರು. ಸಂಯೋಜಕ ಲಾ ಮಾಂಟ್ ಯಂಗ್ ತಮ್ಮದೇ ರೀತಿಯಲ್ಲಿ ಶ್ರುತಿಗೂಡಿಸಿದ ಪಿಯಾನೊ ಕೃತಿಯ ಲೆಕ್ಕಾಚಾರವನ್ನು 1993ರಲ್ಲಿ ಗ್ಯಾನ್ ಬಿಡಿಸಿ ಬರೆದರು. ಯಂಗ್ 1970ರಿಂದ ಕಿರಾನಾ ಘರಾಣೆಯ ಪಂಡಿತ್ ಪ್ರಾಣನಾಥರ ಶಿಷ್ಯ. ಕುಂದಗೋಳದ ಸವಾಯಿ ಗಂಧರ್ವ, ಹುಬ್ಬಳ್ಳಿಯ ಗಂಗೂಬಾಯಿ ಹಾನಗಲ್ಲರಿಂದ ನಮಗೆ ಆಪ್ತವಾದ ಘರಾಣೆಯೇ ಅದು. ಸ್ವರದಲ್ಲಿ ಬಹಳ ಹೊತ್ತು ನಿಲ್ಲುವ ಆ ಪದ್ಧತಿಯನ್ನು ಬಲ್ಲ ಕನ್ನಡದ ಕೇಳುಗನಿಗೆ ಯಂಗ್ ಅವರ ತಾಳ್ಮೆ ವಿಚಿತ್ರವೆನಿಸಲಾರದು.

ಮೂರು ಡಿಸ್ಕ್‌ಲೇವಿಯರ್‌ಗಳಿಗಾಗಿ ಬರೆದ 'ಹೈಪರ್‌ಕ್ರೊಮ್ಯಾಟಿಕಾ'ದಲ್ಲಿ ಗ್ಯಾನ್ ಒಂದು ಸಪ್ತಕಕ್ಕೆ 33 ಸ್ವರಸ್ಥಾನಗಳನ್ನು ಬಳಸುತ್ತಾರೆ. ನ್ಯಾಂಕರೋರಿಂದ ಯಂತ್ರ, ಯಂಗ್ ಮತ್ತು ಜಾನ್ಸ್‌ಟನ್‌ರಿಂದ ಶ್ರುತಿ: ವಿಮರ್ಶಕನಾಗಿ, ಶಿಷ್ಯನಾಗಿ ಓದಿದ್ದೆಲ್ಲ ಅಲ್ಲಿ ಒಟ್ಟಿಗೆ ಬಂದಿದೆ. ಪ್ರಭಾವದ ಸಾಲ ಇಷ್ಟು ಢಾಳಾಗಿ ಕಾಣುವುದು ಕೃತಿಯ ಕೊರತೆಯೆಂದು ಕೆಲವರಿಗೆ ಅನಿಸಬಹುದು. ಆದರೆ ಆ ಸಾಲದ ಪತ್ರಗಳನ್ನೆಲ್ಲ ಮೊದಲೇ ಅಚ್ಚುಹಾಕಿಸಿದವರು ಗ್ಯಾನ್ ಅವರೇ.