ಫಿಲಿಬಸ್

ಫಿಲಿಬಸ್: 1915ರಲ್ಲಿ ತೆರೆಕಂಡ ಇಟಲಿಯ ಮೂಕಿಚಿತ್ರ. ನಿರ್ದೇಶಕ ಮಾರಿಯೊ ರೊಂಕೊರೊನಿ. ಕತೆ ಮಕ್ಕಳ ಸಾಹಿತ್ಯದಲ್ಲಿ ಹೆಸರು ಮಾಡಿದ್ದ ಜೊವಾನ್ನಿ ಬೆರ್ತಿನೆತ್ತಿಯದು. ತಯಾರಿಸಿದ್ದು ತೂರಿನ್ ನಗರದ ಕರೋನಾ ಫಿಲ್ಮ್ ಎಂಬ ಅಲ್ಪಾಯುಷಿ ಸಂಸ್ಥೆ. ಫ್ರಾನ್ಸಿನಲ್ಲಿ ನಿರ್ದೇಶಕ ಫೆಯ್ಯಾಡ್‌ನ ‘ಫಾಂತೊಮಾ’ ಚಿತ್ರಗಳು 1913-14ರಲ್ಲಿ ಮುಖವಾಡದ ಕಳ್ಳನನ್ನು ಜನಪ್ರಿಯಗೊಳಿಸಿದ್ದವು. ಇಲ್ಲಿಯ ಕಳ್ಳ ಹೆಂಗಸು, ಅವಳ ಅಡಗುದಾಣ ಆಕಾಶ.

ಸಮಾಜದ ಕಣ್ಣಿಗೆ ಅವಳು ಬ್ಯಾರನೆಸ್ ತ್ರುವಾಮೋಂದ್. ಗಂಡುವೇಷ ತೊಟ್ಟಾಗ ಕೌಂಟ್ ದ ಲಾ ಬ್ರೀವ್. ಕಳ್ಳತನಕ್ಕೆ ಹೊರಟಾಗ ಫಿಲಿಬಸ್. ವಾಯುನೌಕೆಯಿಂದ ಹಗ್ಗಕ್ಕೆ ಕಟ್ಟಿದ ತೊಟ್ಟಿಲಿನಂಥ ಪೆಟ್ಟಿಗೆಯಲ್ಲಿ ಕೆಳಗಿಳಿದು, ಕೆಲಸ ಮುಗಿಸಿ, ಮತ್ತೆ ಮೇಲೇರಿ ಹೋಗುತ್ತಾಳೆ. ಇಟಲಿಯ ಸೈನ್ಯ ಲಿಬಿಯಾದ ಯುದ್ಧದಲ್ಲಿ ವಾಯುನೌಕೆ ಹಾರಿಸಿ ಆಗಿನ್ನೂ ಮೂರೇ ವರ್ಷವಾಗಿತ್ತು. ಹೀಗಾಗಿ ಅಂದಿನ ಪ್ರೇಕ್ಷಕರಿಗೆ ಇದು ಬರೀ ಕಟ್ಟುಕತೆಯಾಗಿ ಕಂಡಿರಲಾರದು.

ಆದರೆ ಚಿತ್ರದ ನಿಜವಾದ ಚಮತ್ಕಾರ ಅವಳು ತಾನು ಹಾಕುವ ವೇಷದಲ್ಲಿಲ್ಲ, ಪತ್ತೇದಾರ ಕುಟ್-ಹೆಂಡಿಗೆ ತನ್ನ ವೇಷವನ್ನು ತೊಡಿಸುವುದರಲ್ಲಿದೆ. ಅವನಿಗೆ ಮತ್ತು ಬರಿಸಿ, ಅವನ ಅಂಗೈಯ ಅಚ್ಚು ತೆಗೆದು, ಅದರಿಂದ ಕೈಗವಸು ಮಾಡಿಸಿಕೊಳ್ಳುತ್ತಾಳೆ. ಕಳ್ಳತನವಾದ ಕಡೆಯಲ್ಲೆಲ್ಲ ಅವನದೇ ಬೆರಳಚ್ಚು! ಈಜಿಪ್ಟಿನ ಬೆಕ್ಕಿನ ವಿಗ್ರಹವೊಂದರ ವಜ್ರದ ಕಣ್ಣುಗಳನ್ನು ಕಾಯಲು ಅವನು ಪುಟ್ಟ ಕ್ಯಾಮೆರಾ ಬಚ್ಚಿಟ್ಟರೆ, ಅದೂ ಅವನಿಗೇ ತಿರುಗುಬಾಣವಾಗುತ್ತದೆ. ಕೊನೆಗೆ ‘ನಿದ್ದೆಗಣ್ಣಲ್ಲಿ ನಾನೇ ಕದಿಯುತ್ತಿದ್ದೇನೆಯೇ’ ಎಂದು ಬಡಪಾಯಿ ತನ್ನನ್ನೇ ಅನುಮಾನಿಸತೊಡಗುತ್ತಾನೆ. ಬೆರಳಚ್ಚು, ಫೋಟೊ ಎರಡನ್ನೂ ಸುಳ್ಳಾಡದ ಸಾಕ್ಷಿಗಳೆಂದು ನಂಬಿದ್ದ ಕಾಲವದು. ಅತ್ತ ಕೌಂಟನ ವೇಷದಲ್ಲಿ ಅವಳು ಪತ್ತೇದಾರನ ತಂಗಿ ಲಿಯೊನೋರಾಳೊಂದಿಗೆ ಪ್ರಣಯದಾಟವನ್ನೂ ಆಡುತ್ತಾಳೆ. ಇಂದಿನ ವಿಮರ್ಶಕರು ಚಿತ್ರವನ್ನು ಮತ್ತೆ ಮತ್ತೆ ಎತ್ತಿಕೊಳ್ಳಲು ಇದೂ ಒಂದು ಕಾರಣ. ಕಡೆಗೂ ಅವಳು ಸಿಕ್ಕಿಬೀಳುವುದಿಲ್ಲ.

ಚಿತ್ರದ ಪ್ರತಿ ಉಳಿದುಬಂದದ್ದು ಇಟಲಿಯಲ್ಲಲ್ಲ, ನೆದರ್ಲೆಂಡ್ಸ್‌ನಲ್ಲಿ. ಅಲ್ಲಿಯ ಚಿತ್ರ ವಿತರಕ ಜಾನ್ ಡೆಸ್ಮೆಟ್ ಹಳೆಯ ರೀಲುಗಳನ್ನು ಎಸೆಯದೆ ಕೂಡಿಟ್ಟಿದ್ದ. ಆ ಸಂಗ್ರಹ ಈಗ ಆಮ್‌ಸ್ಟರ್‌ಡ್ಯಾಮಿನ ಐ ಫಿಲ್ಮ್ ಮ್ಯೂಸಿಯಮ್ಮಿನಲ್ಲಿದ್ದು, 2011ರಲ್ಲಿ ಯುನೆಸ್ಕೋದ ‘ವಿಶ್ವಸ್ಮೃತಿ’ ಪಟ್ಟಿ ಸೇರಿತು. ನಾಯಕಿಯ ಪಾತ್ರ ಮಾಡಿದವಳು ಕ್ರಿಸ್ಟೀನಾ ರುಸ್ಪೋಲಿ ಎಂದೇ ಬಹುಕಾಲ ಬರೆಯಲಾಗುತ್ತಿತ್ತು. ಆದರೆ ರುಸ್ಪೋಲಿ ಲಿಯೊನೋರಾ ಆಗಿದ್ದಳು. ಫಿಲಿಬಸ್ ಆಗಿದ್ದವಳು ವಲೇರಿಯಾ ಕ್ರೇತಿ ಎಂಬುದು ಸಂಶೋಧಕರಿಗೆ ತಿಳಿದದ್ದು ತೀರ ಈಚೆಗೆ.